ಒಂದೇ ಹಬ್ಬ, ಎರಡು ದಿನ: ಮನೆಯ ಕ್ಯಾಲೆಂಡರ್ ಲೆಕ್ಕ ನಡೆಯುವುದು ಹೇಗೆ?

2024ರ ದೀಪಾವಳಿ ನೆನಪಿದೆಯಾ? ಕೆಲವು ಮನೆಗಳಲ್ಲಿ ಅಕ್ಟೋಬರ್ 31ರ ಗುರುವಾರ ಸಂಜೆಯೇ ಲಕ್ಷ್ಮೀ ಪೂಜೆ ಆಯಿತು. ಇನ್ನು ಕೆಲವು ಮನೆಗಳಲ್ಲಿ ನವೆಂಬರ್ 1ರ ಶುಕ್ರವಾರ. ಆ ವಾರ ನೆಂಟರು ಫೋನ್ ಮಾಡಿದರೆ ಮೊದಲ ಮಾತೇ "ನಿಮ್ಮಲ್ಲಿ ಪೂಜೆ ಯಾವತ್ತು?" ಎನ್ನುವಂತಾಗಿತ್ತು.

ಇಂಥ ವರ್ಷ ಬಂದಾಗ ಮಕ್ಕಳು ಕೇಳುತ್ತಾರೆ, ಹಬ್ಬ ಅಂದರೆ ಒಂದು ದಿನ ತಾನೇ, ಎರಡು ಹೇಗಾಗುತ್ತೆ ಅಂತ. "ನಮ್ಮ ಪಂಚಾಂಗದಲ್ಲಿ ಹಾಗಿದೆ" ಎಂದು ಹೇಳಿ ದೊಡ್ಡವರು ಮಾತು ಮುಗಿಸುತ್ತಾರೆ. ನನಗೆ ಈ ಉತ್ತರ ಸಾಲದು ಅನ್ನಿಸುತ್ತದೆ. ಇದರ ಹಿಂದಿನ ಲೆಕ್ಕ ಅಷ್ಟೇನೂ ಕಷ್ಟದ್ದಲ್ಲ. ಹತ್ತನೇ ಕ್ಲಾಸಿನ ಹುಡುಗ, ಹುಡುಗಿಗೂ ಅರ್ಥವಾಗುತ್ತದೆ. ಅದು ಗೊತ್ತಾದರೆ, ಎರಡು ಮನೆಯವರೂ ತಪ್ಪು ಮಾಡಿಲ್ಲ ಎನ್ನುವುದೂ ಗೊತ್ತಾಗುತ್ತದೆ.

ಶುರು ಮಾಡಬೇಕಾದ್ದು ತಿಥಿಯಿಂದ. ನಕ್ಷತ್ರಗಳ ನಡುವೆ ಸೂರ್ಯ, ಚಂದ್ರ ಇಬ್ಬರೂ ಒಂದೇ ದಿಕ್ಕಿಗೆ ಸರಿಯುತ್ತಾ ಹೋಗುವಂತೆ ನಮಗೆ ಕಾಣುತ್ತದೆ. ಚಂದ್ರನ ಓಟ ಜಾಸ್ತಿ. ಗಡಿಯಾರದ ದೊಡ್ಡ ಮುಳ್ಳು ಚಿಕ್ಕ ಮುಳ್ಳನ್ನು ಮತ್ತೆ ಮತ್ತೆ ದಾಟುತ್ತದಲ್ಲ, ಹಾಗೆ ಚಂದ್ರ ತಿಂಗಳಿಗೊಮ್ಮೆ ಸೂರ್ಯನನ್ನು ದಾಟಿ ಮುಂದೆ ಹೋಗುತ್ತಾನೆ. ಇಬ್ಬರೂ ಒಂದೇ ನೇರಕ್ಕೆ ಬಂದ ಕ್ಷಣಕ್ಕೆ ಅಮಾವಾಸ್ಯೆ ಮುಗಿಯುತ್ತದೆ. ಅಲ್ಲಿಂದ ಚಂದ್ರ 12 ಡಿಗ್ರಿ ಮುಂದೆ ಹೋಗುವ ತನಕ ಪಾಡ್ಯ. ಮತ್ತೆ 12 ಡಿಗ್ರಿ ಹೋಗುವ ತನಕ ಬಿದಿಗೆ. ಹೀಗೆ 180 ಡಿಗ್ರಿ ಮುಗಿಯುವಾಗ ಹುಣ್ಣಿಮೆ ಮುಗಿದಿರುತ್ತದೆ, 360 ಆಗುವಾಗ ಮತ್ತೆ ಅಮಾವಾಸ್ಯೆ ಮುಗಿದಿರುತ್ತದೆ. ಒಟ್ಟು 30 ತಿಥಿ.

ಈ ಒಂದು ಸುತ್ತಿಗೆ ಸುಮಾರು 29 ದಿನ, 12 ಗಂಟೆ, 44 ನಿಮಿಷ ಬೇಕು. ಅಂದರೆ ಒಂದು ತಿಥಿಗೆ ಸರಾಸರಿ 23 ಗಂಟೆ 37 ನಿಮಿಷ. ನಮ್ಮ 24 ಗಂಟೆಗಿಂತ ಸ್ವಲ್ಪ ಕಡಿಮೆ. ಅಷ್ಟೇ ಆಗಿದ್ದರೂ ತೊಂದರೆ ಇರಲಿಲ್ಲ. ಆದರೆ ಚಂದ್ರನ ದಾರಿ ಸರಿಯಾದ ವೃತ್ತವಲ್ಲ. ಭೂಮಿಗೆ ಹತ್ತಿರ ಬಂದಾಗ ಅವನು ಜೋರಾಗಿ ಓಡುತ್ತಾನೆ, ದೂರ ಇದ್ದಾಗ ನಿಧಾನ. ಹಾಗಾಗಿ ಕೆಲವು ತಿಥಿ ಸುಮಾರು 20 ಗಂಟೆಗೇ ಮುಗಿಯುತ್ತದೆ, ಕೆಲವು ಸುಮಾರು 27 ಗಂಟೆ ಎಳೆಯುತ್ತದೆ. ಬೆಳಿಗ್ಗೆ ಹನ್ನೊಂದಕ್ಕೆ ಶುರುವಾಗಬಹುದು, ನಡುರಾತ್ರಿ ಎರಡಕ್ಕೂ ಶುರುವಾಗಬಹುದು. ಆಕಾಶದಲ್ಲಿ ನಡೆಯುವ ಈ ಲೆಕ್ಕಕ್ಕೂ ನಮ್ಮ ಮನೆಯ ಬೆಳಗು ಬೈಗಿಗೂ ಸಂಬಂಧವೇ ಇಲ್ಲ. ಗೊಂದಲದ ಬೇರು ಇರುವುದು ಇಲ್ಲೇ.

ಮನೆಯ ದಿನ ಶುರುವಾಗುವುದು ಸೂರ್ಯ ಹುಟ್ಟಿದಾಗ. ಆ ಹೊತ್ತಿಗೆ ಯಾವ ತಿಥಿ ನಡೆಯುತ್ತಿದೆಯೋ ಕ್ಯಾಲೆಂಡರಿನ ಮನೆಯಲ್ಲಿ ಅದೇ ಹೆಸರು ಬರೆಯುತ್ತಾರೆ. ಪಕ್ಕದಲ್ಲಿ ಸಣ್ಣ ಅಕ್ಷರದಲ್ಲಿ ಅದು ಎಷ್ಟು ಹೊತ್ತಿಗೆ ಮುಗಿಯುತ್ತದೆ ಅಂತಲೂ ಇರುತ್ತದೆ. ಹಳೇ ಪಂಚಾಂಗಗಳಲ್ಲಿ ಇದನ್ನು ಘಳಿಗೆ, ವಿಘಳಿಗೆಯಲ್ಲಿ ಕೊಡುತ್ತಾರೆ. ಒಂದು ಘಳಿಗೆ 24 ನಿಮಿಷ, ದಿನಕ್ಕೆ 60 ಘಳಿಗೆ. ಈ ಸಣ್ಣ ಅಕ್ಷರವನ್ನು ಓದದೆ ದಪ್ಪ ಅಕ್ಷರವನ್ನಷ್ಟೇ ಓದಿದರೆ ಅರ್ಧ ವಿಷಯ ಕೈತಪ್ಪಿ ಹೋಗುತ್ತದೆ.

ಉದ್ದದ ತಿಥಿಯಾದರೆ ಎರಡು ಸೂರ್ಯೋದಯ ಅದರೊಳಗೇ ಬರಬಹುದು. ಆಗ ಎರಡು ದಿನಕ್ಕೂ ಒಂದೇ ಹೆಸರು. ಇದನ್ನು ವೃದ್ಧಿ ಅನ್ನುತ್ತಾರೆ. ಚಿಕ್ಕ ತಿಥಿಯಾದರೆ ಒಂದು ಬೆಳಗಾದ ಮೇಲೆ ಶುರುವಾಗಿ ಮರುದಿನ ಬೆಳಗಾಗುವ ಮೊದಲೇ ಮುಗಿದುಹೋಗಬಹುದು. ಯಾವ ದಿನದ ಹೆಸರಾಗಿಯೂ ಅದು ಬರುವುದಿಲ್ಲ. ಅದು ಕ್ಷಯ. 2026ರ ಯುಗಾದಿ ಇದಕ್ಕೆ ಒಳ್ಳೇ ಉದಾಹರಣೆ. ಮಾರ್ಚ್ 19ರಂದು ಸೂರ್ಯ ಹುಟ್ಟುವಾಗ ಇನ್ನೂ ಅಮಾವಾಸ್ಯೆ. ಬೆಳಿಗ್ಗೆ ಏಳಕ್ಕೆ ಸ್ವಲ್ಪ ಮೊದಲು ಚೈತ್ರದ ಪಾಡ್ಯ ಶುರು. ಮರುದಿನ ನಸುಕಿನಲ್ಲಿ, ಐದು ಗಂಟೆಯೊಳಗೇ ಪಾಡ್ಯ ಮುಗಿದು ಬಿದಿಗೆ. ಯಾವ ಸೂರ್ಯೋದಯಕ್ಕೂ ಪಾಡ್ಯ ಸಿಗಲಿಲ್ಲ. ಹಬ್ಬ ಬಿಡುವಂತಿಲ್ಲ, ಹಾಗಾಗಿ ಪಾಡ್ಯ ಇದ್ದ 19ರಂದೇ ಬೇವು ಬೆಲ್ಲ.

ಈಗ ಮುಖ್ಯ ವಿಷಯಕ್ಕೆ ಬರೋಣ. ಎಲ್ಲ ಹಬ್ಬಕ್ಕೂ ಸೂರ್ಯೋದಯದ ತಿಥಿಯೇ ನಿಯಮವಲ್ಲ. ಪ್ರತಿ ಹಬ್ಬಕ್ಕೂ ಅದರದೇ ಹೊತ್ತು ಇದೆ. ಆ ಹೊತ್ತಿನಲ್ಲಿ ತಿಥಿ ಇರಬೇಕು. ರಾಮ ಹುಟ್ಟಿದ್ದು ಮಧ್ಯಾಹ್ನ, ಅದಕ್ಕೇ ರಾಮನವಮಿಗೆ ನಡುಮಧ್ಯಾಹ್ನ ನವಮಿ ಇರಬೇಕು. ಗಣಪತಿಗೂ ಮಧ್ಯಾಹ್ನದ ಚೌತಿಯೇ ಬೇಕು. ಶಿವರಾತ್ರಿಗೆ ನಡುರಾತ್ರಿಯ ಚತುರ್ದಶಿ. ಸಂಕಷ್ಟಿಗೆ ಚಂದ್ರ ಹುಟ್ಟುವ ಹೊತ್ತಿನ ಚೌತಿ, ಉಪವಾಸ ಬಿಡುವುದೂ ಚಂದ್ರನನ್ನು ನೋಡಿದ ಮೇಲೆಯೇ ತಾನೇ. ನರಕ ಚತುರ್ದಶಿಯ ಎಣ್ಣೆ ಸ್ನಾನಕ್ಕೆ ನಸುಕಿನ ಚತುರ್ದಶಿ. ಲಕ್ಷ್ಮೀ ಪೂಜೆಗೆ ಪ್ರದೋಷ, ಅಂದರೆ ಸೂರ್ಯ ಮುಳುಗಿದ ಮೇಲಿನ ಸುಮಾರು ಎರಡೂವರೆ ಗಂಟೆ.

ಈ ಲೆಕ್ಕದಲ್ಲಿ 2024ರ ದೀಪಾವಳಿಯನ್ನು ಮತ್ತೊಮ್ಮೆ ನೋಡಿ. ಅಮಾವಾಸ್ಯೆ ಶುರುವಾಗಿದ್ದು ಅಕ್ಟೋಬರ್ 31ರ ಮಧ್ಯಾಹ್ನ 3.50ರ ಸುಮಾರಿಗೆ. ಮುಗಿದಿದ್ದು ನವೆಂಬರ್ 1ರ ಸಂಜೆ 6.15 ದಾಟಿದ ಮೇಲೆ. ಬೆಂಗಳೂರಿನಲ್ಲಿ ಆ ದಿನಗಳಲ್ಲಿ ಸೂರ್ಯ ಮುಳುಗುವುದು 5.50ರ ಆಸುಪಾಸಿನಲ್ಲಿ. 31ರಂದು ಇಡೀ ಪ್ರದೋಷದಲ್ಲಿ ಅಮಾವಾಸ್ಯೆ ಇತ್ತು, ರಾತ್ರಿಯೆಲ್ಲಾ ಇತ್ತು. 1ರಂದು ಸೂರ್ಯ ಮುಳುಗಿದ ಮೇಲೆ ಇದ್ದದ್ದು ಅರ್ಧ ಗಂಟೆಗೂ ಕಡಿಮೆ. ಹಾಗಾದರೆ 31 ಸರಿ ಅಲ್ವಾ ಅನ್ನಿಸುತ್ತದೆ. ಒಂದು ಪಕ್ಷದವರು ಹೇಳಿದ್ದೂ ಇದನ್ನೇ. ಇನ್ನೊಂದು ಪಕ್ಷದವರ ನಿಯಮ ಬೇರೆ. ಎರಡು ದಿನವೂ ಪ್ರದೋಷಕ್ಕೆ ಅಮಾವಾಸ್ಯೆ ತಾಗಿದ್ದರೆ ಎರಡನೇ ದಿನವನ್ನೇ ಹಿಡಿಯಬೇಕು, ಸ್ವಲ್ಪ ಹೊತ್ತು ಇದ್ದರೂ ಸಾಕು, ಅಂತ. ಎರಡೂ ವಾದಕ್ಕೆ ಹಳೇ ಗ್ರಂಥಗಳ ಆಧಾರ ಇದೆ. 1612ರ ನಿರ್ಣಯಸಿಂಧು, 1790ರ ಧರ್ಮಸಿಂಧು, ಇಂಥವು ಹುಟ್ಟಿಕೊಂಡದ್ದೇ ಈ ಎಡವಟ್ಟು ದಿನಗಳನ್ನು ಬಿಡಿಸಿ ಹೇಳಲು. ನಾನೂರು ವರ್ಷದ ಹಿಂದೆಯೂ ಮನೆಗಳಲ್ಲಿ ಇದೇ ಪ್ರಶ್ನೆ ಇತ್ತು ಅನ್ನುವುದು ನನಗೆ ಖುಷಿ ಕೊಡುವ ಸಂಗತಿ.

ಇಲ್ಲಿ ಊರೂ ಲೆಕ್ಕಕ್ಕೆ ಬರುತ್ತದೆ. ಅಮಾವಾಸ್ಯೆ ಮುಗಿಯುವ ಕ್ಷಣ ಇಡೀ ಜಗತ್ತಿಗೆ ಒಂದೇ. ಸೂರ್ಯ ಮುಳುಗುವುದು ಮಾತ್ರ ಊರಿಗೊಂದು ಹೊತ್ತಿಗೆ. ನವೆಂಬರ್ 1ರಂದು ಕೋಲ್ಕತ್ತದಲ್ಲಿ ಐದು ಗಂಟೆಗೆಲ್ಲಾ ಸೂರ್ಯ ಮುಳುಗಿರುತ್ತಾನೆ, ಅಲ್ಲಿ ಸಂಜೆಯ ಅಮಾವಾಸ್ಯೆ ಒಂದು ಗಂಟೆಗೂ ಜಾಸ್ತಿ ಸಿಕ್ಕಿತು. ಮುಂಬೈನಲ್ಲಿ ಬೆಂಗಳೂರಿಗಿಂತಲೂ ಕಡಿಮೆ. ಮಗಳು ಅಮೆರಿಕದಲ್ಲಿದ್ದರೆ ಇಲ್ಲಿನ ಕ್ಯಾಲೆಂಡರಿನ ಫೋಟೋ ಕಳಿಸುವುದು ಸಾಲುವುದಿಲ್ಲ, ಅಲ್ಲಿನ ಊರಿಗೆ ಲೆಕ್ಕ ಹಾಕಿದ ಪಂಚಾಂಗ ನೋಡಬೇಕು. 2023ರ ಚೌತಿ ಇಲ್ಲಿ ಸೆಪ್ಟೆಂಬರ್ 18ರ ಮಧ್ಯಾಹ್ನ 12.40ರ ಸುಮಾರಿಗೆ ಶುರುವಾಯಿತು. ಅದೇ ಕ್ಷಣ ನ್ಯೂಯಾರ್ಕಿನಲ್ಲಿ 18ರ ನಸುಕಿನ 3.10. ಅಲ್ಲಿ ಚೌತಿ 19ರ ನಸುಕಿಗೇ ಮುಗಿಯಿತು, ಮಧ್ಯಾಹ್ನದ ಚೌತಿ 18ಕ್ಕೆ ಮಾತ್ರ. ಅವರಿಗೆ ಯಾವ ಗೊಂದಲವೂ ಇರಲಿಲ್ಲ. ಗೊಂದಲ ಆಗಿದ್ದು ನಮಗೆ. 18ರ ಮಧ್ಯಾಹ್ನದ ಕೊನೇ ಭಾಗಕ್ಕೂ ಚೌತಿ ತಾಗಿತು, 19ರ ಮಧ್ಯಾಹ್ನವೂ ಇತ್ತು. ಮಹಾರಾಷ್ಟ್ರದಲ್ಲಿ 19ಕ್ಕೆ ಗಣಪತಿ ಕೂತ. ಕರ್ನಾಟಕದಲ್ಲಿ ಬಹಳ ಮನೆಗಳಲ್ಲಿ 18ಕ್ಕೇ ಗೌರಿ, ಗಣೇಶ ಒಟ್ಟಿಗೆ ಬಂದರು. ತಾಯಿಯ ತದಿಗೆ ತಾಗಿದ ಚೌತಿ ಮಗನಿಗೆ ಶ್ರೇಷ್ಠ ಎಂಬ ನಂಬಿಕೆ ಇದೆ, ಮೊದಲ ದಿನವನ್ನು ಹಿಡಿದವರಿಗೆ ಅದೇ ಬಲ. ದೀಪಾವಳಿಯಲ್ಲಿ ಎರಡನೇ ದಿನಕ್ಕೆ ಒಲವು, ಚೌತಿಯಲ್ಲಿ ಮೊದಲ ದಿನಕ್ಕೆ. ಪ್ರತಿ ಹಬ್ಬದ ನಿಯಮವೂ ಬೇರೆ ಅನ್ನುವುದು ಇದೇ ಕಾರಣಕ್ಕೆ.

ಏಕಾದಶಿಯಲ್ಲಿ ಸ್ಮಾರ್ತರಿಗೂ ವೈಷ್ಣವರಿಗೂ ಆಗಾಗ ಒಂದು ದಿನ ವ್ಯತ್ಯಾಸ ಬರುತ್ತದಲ್ಲ, ಅದರ ಗುಟ್ಟೂ ಹೊತ್ತಿನಲ್ಲೇ ಇದೆ. ಸ್ಮಾರ್ತರು ಸಾಮಾನ್ಯವಾಗಿ ಸೂರ್ಯೋದಯವನ್ನು ನೋಡುತ್ತಾರೆ. ವೈಷ್ಣವರು ಅದಕ್ಕೂ 4 ಘಳಿಗೆ, ಅಂದರೆ 96 ನಿಮಿಷ ಮೊದಲಿನ ಅರುಣೋದಯವನ್ನು ನೋಡುತ್ತಾರೆ. ಆಗ ಇನ್ನೂ ದಶಮಿ ಉಳಿದಿದ್ದರೆ ಆ ಏಕಾದಶಿಗೆ ದಶಮಿ ಸೋಂಕಿದೆ ಎಂದು ಬಿಟ್ಟು, ಮರುದಿನ ಉಪವಾಸ ಮಾಡುತ್ತಾರೆ. ಸೊಸೆ ಒಂದು ಸಂಪ್ರದಾಯದ ಮನೆಯಿಂದ, ಅತ್ತೆ ಇನ್ನೊಂದರಿಂದ ಬಂದಿದ್ದರೆ ಒಬ್ಬರ ಉಪವಾಸದ ದಿನ ಇನ್ನೊಬ್ಬರ ಪಾರಣೆ. ಇಬ್ಬರಿಗೂ ಬೇಸರವಾಗದ ಹಾಗೆ ಅಡುಗೆಮನೆ ನಡೆಸುವುದು ಸಣ್ಣ ಕೆಲಸವಲ್ಲ.

ಇನ್ನೊಂದು ಕಾರಣ ಲೆಕ್ಕ ಹಾಕುವ ರೀತಿ. ಕೆಲವು ಪಂಚಾಂಗಗಳು ಸೂರ್ಯಸಿದ್ಧಾಂತದ ಹಳೇ ಸೂತ್ರಗಳನ್ನು ಹಿಡಿದು ನಡೆಯುತ್ತವೆ. ಕೆಲವು ಈಗಿನ ಖಗೋಳ ಲೆಕ್ಕವನ್ನು ಬಳಸುತ್ತವೆ, ಇದಕ್ಕೆ ದೃಗ್ಗಣಿತ ಅನ್ನುತ್ತಾರೆ. ಎರಡರ ನಡುವೆ ತಿಥಿ ಮುಗಿಯುವ ಹೊತ್ತಿನಲ್ಲಿ ಕೆಲವೊಮ್ಮೆ ಗಂಟೆಗಟ್ಟಲೆ ವ್ಯತ್ಯಾಸ ಬರುತ್ತದೆ. ಗ್ರಹಣದ ಹೊತ್ತನ್ನು ಆಕಾಶ ನೋಡಿಯೇ ಪರೀಕ್ಷೆ ಮಾಡಬಹುದು, ಅಲ್ಲಿ ದೃಗ್ಗಣಿತವೇ ಸರಿ ಬರುತ್ತದೆ. ನನಗೂ ಅದೇ ಒಪ್ಪಿಗೆ. ಆದರೆ ಮಠದ ಪಂಚಾಂಗವನ್ನೇ ತಲೆಮಾರುಗಳಿಂದ ಪಾಲಿಸುವ ಮನೆಗೆ ಹೋಗಿ ಅವರ ಹಬ್ಬ ತಪ್ಪು ಅಂತ ಹೇಳುವುದು ನನಗೆ ಸರಿ ಕಾಣುವುದಿಲ್ಲ. ಮನೆಗೆ ಒಂದು ಪಂಚಾಂಗ ಅಂತ ಇಟ್ಟುಕೊಂಡು ಅದನ್ನೇ ಪಾಲಿಸಿದರೆ ಸಾಕು. ಅನುಕೂಲ ನೋಡಿ ವರ್ಷಕ್ಕೊಂದು ಬದಲಾಯಿಸಿದರೆ ಮಾತ್ರ ಲೆಕ್ಕ ಹಳಿ ತಪ್ಪುತ್ತದೆ.

ಇಲ್ಲಿಯವರೆಗೆ ಒಂದು ದಿನದ ವ್ಯತ್ಯಾಸ. ವರ್ಷದಿಂದ ವರ್ಷಕ್ಕೆ ಹಬ್ಬ ಹಿಂದೆ ಮುಂದೆ ಓಡುವುದು ಬೇರೆ ಕತೆ.

ಯುಗಾದಿಯ ತಾರೀಕು ನೋಡಿ. 2023ರಲ್ಲಿ ಮಾರ್ಚ್ 22, 2024ರಲ್ಲಿ ಏಪ್ರಿಲ್ 9, 2025ರಲ್ಲಿ ಮಾರ್ಚ್ 30, 2026ರಲ್ಲಿ ಮಾರ್ಚ್ 19. ಹನ್ನೆರಡು ಚಾಂದ್ರಮಾಸ ಸೇರಿದರೆ ಸುಮಾರು 354 ದಿನ. ಸೂರ್ಯನ ವರ್ಷ 365 ದಿನ. ವರ್ಷಕ್ಕೆ 11 ದಿನ ಕೊರತೆ. ಇದನ್ನು ಹಾಗೇ ಬಿಟ್ಟರೆ ಯುಗಾದಿ ಚಳಿಗಾಲಕ್ಕೆ ಹೋಗುತ್ತದೆ, ಮಾವಿನ ಚಿಗುರೂ ಇಲ್ಲ, ಬೇವಿನ ಹೂವೂ ಇಲ್ಲ. ಅದನ್ನು ತಡೆಯಲು ಸುಮಾರು 32–33 ತಿಂಗಳಿಗೊಮ್ಮೆ ಒಂದು ಮಾಸ ಹೆಚ್ಚಿಗೆ ಸೇರುತ್ತದೆ. ಯಾವ ಮಾಸ ಅಂತ ಯಾರೂ ಮನಸ್ಸಿಗೆ ಬಂದಂತೆ ಆರಿಸುವುದಿಲ್ಲ. ಸೂರ್ಯ ತಿಂಗಳಿಗೊಮ್ಮೆ ಒಂದು ರಾಶಿಯಿಂದ ಇನ್ನೊಂದಕ್ಕೆ ಹೋಗುತ್ತಾನೆ, ಅದೇ ಸಂಕ್ರಮಣ. ಒಂದು ಅಮಾವಾಸ್ಯೆಯಿಂದ ಮುಂದಿನ ಅಮಾವಾಸ್ಯೆಯೊಳಗೆ ಸಂಕ್ರಮಣವೇ ಬರದಿದ್ದರೆ ಆ ಮಾಸ ಅಧಿಕ. 2023ರಲ್ಲಿ ಜುಲೈ 18ರಿಂದ ಆಗಸ್ಟ್ 16ರವರೆಗೆ ಅಧಿಕ ಶ್ರಾವಣ ಬಂತು. ಅದಕ್ಕೇ 2023ರ ಯುಗಾದಿಯಿಂದ 2024ರ ಯುಗಾದಿಗೆ 384 ದಿನ ಹಿಡಿಯಿತು. 2026ರಲ್ಲಿ ಮೇ 17ರಿಂದ ಜೂನ್ 15ರವರೆಗೆ ಅಧಿಕ ಜ್ಯೇಷ್ಠ.

ಅಧಿಕ ಮಾಸದಲ್ಲಿ ಮದುವೆ, ಗೃಹಪ್ರವೇಶ ಇಟ್ಟುಕೊಳ್ಳುವುದಿಲ್ಲ. ದಾನಕ್ಕೆ ಮಾತ್ರ ಬಹಳ ಒಳ್ಳೇದು ಅನ್ನುತ್ತಾರೆ. ಉತ್ತರ ಕರ್ನಾಟಕದ ಕಡೆ ಮಗಳು ಅಳಿಯನನ್ನು ಕರೆದು, 33 ಅನಾರಸ (ಅಕ್ಕಿ, ಬೆಲ್ಲದ ಸಿಹಿತಿಂಡಿ) ಕೊಟ್ಟು ಸತ್ಕಾರ ಮಾಡುವ ಪದ್ಧತಿ ಇದೆ. 2020ರಲ್ಲಿ ಅಧಿಕ ಮಾಸ ಆಶ್ವಯುಜಕ್ಕೆ ಬಂದಾಗ ಇನ್ನೊಂದು ವಿಚಿತ್ರ ನಡೆಯಿತು. ಮಹಾಲಯ ಅಮಾವಾಸ್ಯೆಯ ಮರುದಿನವೇ ನವರಾತ್ರಿ ಶುರುವಾಗುವುದು ರೂಢಿ. ಆ ವರ್ಷ ಅಮಾವಾಸ್ಯೆ ಸೆಪ್ಟೆಂಬರ್ 17ಕ್ಕೆ, ನವರಾತ್ರಿ ಅಕ್ಟೋಬರ್ 17ಕ್ಕೆ. ಗೊಂಬೆ ಕೂರಿಸಲು ಒಂದು ತಿಂಗಳು ಕಾಯಬೇಕಾಯಿತು.

ಉತ್ತರ ಭಾರತದಿಂದ ಸೊಸೆಯೋ ಅಳಿಯನೋ ಬಂದ ಮನೆಗಳಲ್ಲಿ ಇನ್ನೊಂದು ಪ್ರಶ್ನೆ ಏಳುತ್ತದೆ. ನಮ್ಮ ಮಾಸ ಅಮಾವಾಸ್ಯೆಗೆ ಮುಗಿಯುತ್ತದೆ, ಅವರದು ಹುಣ್ಣಿಮೆಗೆ. ಅದಕ್ಕೇ ಅವರ ಶ್ರಾವಣ ನಮಗಿಂತ ಎರಡು ವಾರ ಮೊದಲೇ ಶುರು. ದೀಪಾವಳಿ ನಮಗೆ ಆಶ್ವಯುಜದ ಅಮಾವಾಸ್ಯೆ, ಅವರಿಗೆ ಕಾರ್ತಿಕದ ಅಮಾವಾಸ್ಯೆ. ಹೆಸರು ಬೇರೆ, ದಿನ ಒಂದೇ.

ಸಂಕ್ರಾಂತಿ ಮಾತ್ರ ಹೀಗೆ ಓಡಾಡುವುದಿಲ್ಲ, ಯಾಕೆಂದರೆ ಅದಕ್ಕೆ ಚಂದ್ರನ ಹಂಗಿಲ್ಲ. ಸೂರ್ಯ ಮಕರ ರಾಶಿಗೆ ಕಾಲಿಡುವುದೇ ಹಬ್ಬ. ಜನವರಿ 14 ಅಥವಾ 15. ಆದರೆ ಅದೂ ನಿಂತಲ್ಲೇ ನಿಂತಿಲ್ಲ. ಸ್ವಾಮಿ ವಿವೇಕಾನಂದರು ಹುಟ್ಟಿದ್ದು 1863ರ ಜನವರಿ 12ರಂದು, ಅವತ್ತು ಮಕರ ಸಂಕ್ರಾಂತಿ. ಪಂಚಾಂಗದ ಸೂರ್ಯವರ್ಷ ನಕ್ಷತ್ರಗಳನ್ನು ಹಿಡಿದದ್ದು. ಇಂಗ್ಲಿಷ್ ಕ್ಯಾಲೆಂಡರ್ ಋತುಗಳನ್ನು ಹಿಡಿದದ್ದು. ಎರಡಕ್ಕೂ ವರ್ಷಕ್ಕೆ ಸುಮಾರು 20 ನಿಮಿಷ ವ್ಯತ್ಯಾಸ. 72 ವರ್ಷಕ್ಕೆ ಒಂದು ದಿನ. ಹಾಗಾಗಿ ಹಬ್ಬ ನಿಧಾನವಾಗಿ ಮುಂದೆ ಸರಿಯುತ್ತಿದೆ. ಹಗಲು ಬೆಳೆಯಲು ಶುರುವಾಗುವುದು ಡಿಸೆಂಬರ್ 21–22ರಿಂದಲೇ. ಅದೂ ಸಂಕ್ರಾಂತಿಯೂ ಒಂದೇ ದಿನ ಬರುತ್ತಿದ್ದುದು ಸುಮಾರು 1,700 ವರ್ಷದ ಹಿಂದೆ.

ತುಳುನಾಡಿನ ಬಿಸು ಹಬ್ಬ ಏಪ್ರಿಲ್ ಮಧ್ಯಕ್ಕೆ ಬರುವುದೂ ಇದೇ ಸೌರ ಲೆಕ್ಕದಿಂದ. ತಲಕಾವೇರಿಯ ತೀರ್ಥೋದ್ಭವ ತುಲಾ ಸಂಕ್ರಮಣದ ಕ್ಷಣಕ್ಕೆ ಆಗುವುದರಿಂದ ಒಂದು ವರ್ಷ ಹಗಲಲ್ಲಿ, ಒಂದು ವರ್ಷ ನಡುರಾತ್ರಿಯಲ್ಲಿ ಬರುತ್ತದೆ. ಚಾಂದ್ರ, ಸೌರ ಎರಡೂ ಎದುರುಬದುರಾದ ಒಳ್ಳೇ ಉದಾಹರಣೆ 2025ರ ಕೃಷ್ಣ ಜನ್ಮಾಷ್ಟಮಿ. ಬಹುಪಾಲು ಮನೆಗಳಲ್ಲಿ ಅದು ಆಗಸ್ಟ್ 16ರ ಸುಮಾರಿಗೆ ಮುಗಿಯಿತು. ಸೂರ್ಯ ಸಿಂಹ ರಾಶಿಗೆ ಹೋಗಿದ್ದು ಆಗಸ್ಟ್ 17ಕ್ಕೆ. ಉಡುಪಿಯಲ್ಲಿ ಸಿಂಹ ಮಾಸದ ಅಷ್ಟಮಿಯೇ ಬೇಕು, ಒಂದು ದಿನದಲ್ಲಿ ತಪ್ಪಿಹೋಯಿತು. ಹಾಗಾಗಿ ಅಲ್ಲಿ ಅಷ್ಟಮಿ ಸೆಪ್ಟೆಂಬರ್ 14ಕ್ಕೆ, ಮರುದಿನದ ಮೊಸರು ಕುಡಿಕೆ ಉತ್ಸವ ವಿಟ್ಲಪಿಂಡಿ 15ಕ್ಕೆ.

ಪಕ್ಕದ ಮನೆಯ ರಂಜಾನ್ ಹಬ್ಬಕ್ಕೂ ಚಂದ್ರನೇ ಆಧಾರ. ಆದರೆ ಅಲ್ಲಿ ಅಧಿಕ ಮಾಸ ಇಲ್ಲ. ಹಾಗಾಗಿ ಹಬ್ಬ ಪ್ರತಿ ವರ್ಷ 10–11 ದಿನ ಮೊದಲೇ ಬರುತ್ತಾ, ಸುಮಾರು 33 ವರ್ಷಕ್ಕೆ ಎಲ್ಲ ಋತುಗಳನ್ನೂ ಸುತ್ತುತ್ತದೆ. ಚಂದ್ರ ಕಣ್ಣಿಗೆ ಕಾಣಬೇಕು ಎಂಬ ನಿಯಮದಿಂದ ಅವರಿಗೂ ಎರಡು ದಿನದ ಪ್ರಶ್ನೆ ಬರುತ್ತದೆ. 2024ರಲ್ಲಿ ಕೇರಳದಲ್ಲಿ ಏಪ್ರಿಲ್ 10ಕ್ಕೆ ಈದ್, ದೇಶದ ಬಹುತೇಕ ಕಡೆ 11ಕ್ಕೆ.

ಇದನ್ನೆಲ್ಲ ಒಂದು ಮಾಡಲು ಸರ್ಕಾರವೂ ಪ್ರಯತ್ನಿಸಿತು. 1952ರಲ್ಲಿ ವಿಜ್ಞಾನಿ ಮೇಘನಾದ ಸಾಹಾ ಅವರ ಅಧ್ಯಕ್ಷತೆಯಲ್ಲಿ ಒಂದು ಸಮಿತಿ ಮಾಡಿತು. ದೇಶದಲ್ಲಿ ಸುಮಾರು 30 ಬಗೆಯ ಪಂಚಾಂಗ ಬಳಕೆಯಲ್ಲಿವೆ ಅಂತ ಸಮಿತಿ ಕಂಡುಕೊಂಡಿತು. 1957ರ ಮಾರ್ಚ್ 22ರಿಂದ ರಾಷ್ಟ್ರೀಯ ಪಂಚಾಂಗ ಜಾರಿಗೆ ಬಂತು. ಸರ್ಕಾರಿ ಗೆಜೆಟ್‌ನಲ್ಲಿ ಆ ತಾರೀಕು ಈಗಲೂ ಅಚ್ಚಾಗುತ್ತದೆ. ಮನೆಗಳು ಮಾತ್ರ ತಮ್ಮ ತಮ್ಮ ಪಂಚಾಂಗ ಬಿಡಲಿಲ್ಲ.

ಹಬ್ಬ ಒಂದು ದಿನ ಆಚೀಚೆ ಆದರೆ ದೊಡ್ಡ ವಿಷಯವಲ್ಲ. ತಿಥಿಯ ಲೆಕ್ಕ ನಿಜವಾಗಿ ಬೇಕಾಗುವುದು ಹಿರಿಯರ ಶ್ರಾದ್ಧಕ್ಕೆ. ಶ್ರಾದ್ಧಕ್ಕೆ ನೋಡುವುದು ಅಪರಾಹ್ನದ ತಿಥಿ. ಹಗಲನ್ನು ಐದು ಭಾಗ ಮಾಡಿದರೆ ನಾಲ್ಕನೇ ಭಾಗ ಅದು. ಆರಕ್ಕೆ ಹುಟ್ಟಿ ಆರಕ್ಕೆ ಮುಳುಗುವ ದಿನದಲ್ಲಿ 1.12ರಿಂದ 3.36ರವರೆಗೆ. ಕ್ಯಾಲೆಂಡರಿನ ದಪ್ಪ ಅಕ್ಷರದಲ್ಲಿ ಪಂಚಮಿ ಅಂತ ಇದ್ದು, ಸಣ್ಣ ಅಕ್ಷರದಲ್ಲಿ ಬೆಳಿಗ್ಗೆ 9ಕ್ಕೆ ಮುಗಿಯುತ್ತದೆ ಅಂತ ಇದ್ದರೆ, ಪಂಚಮಿಯ ಶ್ರಾದ್ಧ ಬಹುಶಃ ಹಿಂದಿನ ದಿನಕ್ಕೇ ಬಂದಿರುತ್ತದೆ. ದಪ್ಪ ಅಕ್ಷರ ನೋಡಿ ರಜೆ ಹಾಕಿದವರು ಇಲ್ಲೇ ಎಡವುತ್ತಾರೆ.

ಇದಕ್ಕಿಂತ ದೊಡ್ಡ ತೊಂದರೆ ಇನ್ನೊಂದಿದೆ. ಅಜ್ಜ ತೀರಿಕೊಂಡ ತಿಥಿ ಅಜ್ಜಿಗೆ ಗೊತ್ತಿರುತ್ತದೆ, ಅಜ್ಜಿಯ ನಂತರ ಯಾರಿಗೂ ಗೊತ್ತಿರುವುದಿಲ್ಲ. ಈ ನೆನಪನ್ನು ಹೊತ್ತವರು ಹೆಚ್ಚಾಗಿ ಮನೆಯ ಹೆಂಗಸರೇ, ಅದೂ ಬರೀ ಬಾಯಿಮಾತಿನಲ್ಲಿ. ದಯವಿಟ್ಟು ಅವರನ್ನು ಕೂರಿಸಿಕೊಂಡು ಬರೆದಿಟ್ಟುಕೊಳ್ಳಿ. ಸಂವತ್ಸರ, ಮಾಸ, ಪಕ್ಷ, ತಿಥಿ. ಮನೆಯದು ಚಾಂದ್ರಮಾನವೋ ಸೌರಮಾನವೋ. ತೀರಿಕೊಂಡದ್ದು ಅಧಿಕ ಮಾಸದಲ್ಲಾದರೆ ಅದನ್ನೂ ಬರೆಯಿರಿ, ಮುಂದಿನ ವರ್ಷ ಆ ಮಾಸ ಇರುವುದಿಲ್ಲ, ಅದೇ ಹೆಸರಿನ ಮಾಮೂಲಿ ಮಾಸದಲ್ಲಿ ಮಾಡಬೇಕಾಗುತ್ತದೆ. ತಿಥಿ ಯಾರಿಗೂ ನೆನಪಿಲ್ಲದಿದ್ದರೆ ಇಂಗ್ಲಿಷ್ ತಾರೀಕು, ಗಂಟೆ, ಊರು ಇಷ್ಟನ್ನು ಹುಡುಕಿ. ಮರಣ ಪ್ರಮಾಣಪತ್ರದಲ್ಲಿ ತಾರೀಕು, ಊರು ಸಿಗುತ್ತದೆ. ಹೊತ್ತು ಮಾತ್ರ ಜೊತೆಯಲ್ಲಿದ್ದವರನ್ನೇ ಕೇಳಬೇಕು. "ಮಧ್ಯಾಹ್ನದ ಊಟ ಆದ ಮೇಲೆ" ಅನ್ನುವಷ್ಟು ಸಿಕ್ಕರೂ ಸಾಕು, ಹೆಚ್ಚಿನ ದಿನಗಳಲ್ಲಿ ತಿಥಿ ಯಾವುದೆಂದು ಅಷ್ಟರಿಂದಲೇ ಹೇಳಬಹುದು.